ಒಂಬತ್ತನೆಯ ಕಥೆಯ ಗಂಡ

ಕುಶಾಲನಗರ
17-9-1954, ಶುಕ್ರವಾರ

ಚಿ. ಸೌ. ವಿಶಾಲಾಕ್ಷಮ್ಮನಿಗೆ ನಿನ್ನ ಅಪ್ಪನ ಆಶೀರ್ವಾದಗಳು.

ನಾನೂ ನಿನ್ನ ಸಿದ್ದತ್ತೆಯೂ ಕ್ಷೇಮ. ಅತ್ತೆಯ ಮಂಡಿನೋವು ಮಳೆಗಾಲದಲ್ಲಿ ಎಷ್ಟಿರಬೇಕೋ ಅಷ್ಟಿದೆ, ನನ್ನ ಸಿಟ್ಟು ಎಲ್ಲ ಕಾಲದಲ್ಲೂ ಎಷ್ಟಿರುತ್ತದೋ ಅಷ್ಟಿದೆ. ನಿನ್ನ ಗಂಡ ದೇವರಾಜು ಅಮ್ಮತ್ತಿಯಿಂದ ಬರೆದ ಕಾಗದ ಈ ತಿಂಗಳ ಒಂದನೇ ತಾರೀಕಿಗೇ ಕೈಸೇರಿತ್ತು. ಹದಿನಾರು ದಿನ ತಡವಾಗಿ ಉತ್ತರ ಬರೆಯುತ್ತಿದ್ದೇನೆ. ಮಳೆಗೆ ಟಪಾಲು ನಿಂತಿತ್ತು ಎಂದು ಸುಳ್ಳು ಹೇಳಬಹುದಿತ್ತು, ಆದರೆ ಸಿದ್ದಾಪುರದ ಬಸ್ಸು ದಿನವೂ ನಮ್ಮ ಜಗಲಿಗೆ ಕೆಸರು ಹಾರಿಸಿಕೊಂಡು ಹೋಗುವುದು ನಿನಗೂ ಗೊತ್ತು. ನಾಲ್ಕು ಸಲ ಬರೆದೆ, ನಾಲ್ಕು ಸಲ ಹರಿದೆ. ನಲವತ್ತು ವರ್ಷ ಊರಿನವರ ಕನ್ನಡ ತಿದ್ದಿದವನಿಗೆ ಮಗಳಿಗೊಂದು ಕಾಗದ ಬರೆಯಲು ಬರುವುದಿಲ್ಲ. ಬೇಕಾದರೆ ನಗು, ನಾನೇನೂ ಅಂದುಕೊಳ್ಳುವುದಿಲ್ಲ.

ದೇವರಾಜು ಎಸ್ಟೇಟಿನ ರೈಟರು. ಲೈನುಮನೆಗಳ ಆಳುಗಳ ಹಾಜರಿ ಬರೆದು ಬರೆದು ಅವನ ಕಾಗದವೂ ಹಾಜರಿ ಪಟ್ಟಿಯೇ ಆಗಿಬಿಟ್ಟಿದೆ. ಮೂರೇ ಸಾಲು, ಅವನ ಮಾತಿನಲ್ಲೇ ಇಳಿಸುತ್ತೇನೆ. ‘ಹಾರಂಗಿ’ ಎಂಬ ಹೆಸರಿಟ್ಟುಕೊಂಡು ಕಥೆ ಬರೆದವಳು ವಿಶಾಲು. ನಿಮ್ಮ ವಿಮರ್ಶೆ ಓದಿದ ದಿನವೇ ಅವಳು ಸಂಪಾದಕ ಪರಮೇಶಪ್ಪನವರಿಗೆ ಕಾರ್ಡು ಹಾಕಿ, ದೀಪಾವಳಿಗೆ ಬರಬೇಕಿದ್ದ ತನ್ನ ಪುಸ್ತಕ ಬೇಡವೆಂದು ಹೇಳಿಬಿಟ್ಟಳು. ಹನ್ನೆರಡು ಕಥೆಗಳ ನೋಟುಬುಕ್ಕುಗಳನ್ನು ಬಚ್ಚಲ ಒಲೆಗೆ ಹಾಕಲು ಹೊರಟಿದ್ದಾಗ ನಾನು ಕಸಿದುಕೊಂಡು ಎಸ್ಟೇಟ್ ಆಫೀಸಿನ ಪೆಟ್ಟಿಗೆಯಲ್ಲಿ ಬೀಗ ಹಾಕಿಟ್ಟಿದ್ದೇನೆ. ಮೊನ್ನೆ ಅವನದೇ ಇನ್ನೊಂದು ಕಾರ್ಡು ಬಂತು. ದಿನಾ ಕೇಳುತ್ತಾಳೆ ಮಾವ, ಅಮಾವಾಸ್ಯೆಯವರೆಗೆ ತಡೆಯುತ್ತೇನೆ, ಆಮೇಲೆ ಅವಳ ವಸ್ತು ಅವಳಿಗೆ ಕೊಡಲೇಬೇಕಲ್ಲ ಎಂದಿದ್ದಾನೆ. ಅವನು ಹೇಳುವುದು ನ್ಯಾಯವೇ. ಅಮಾವಾಸ್ಯೆಗೆ ಇನ್ನು ಒಂಬತ್ತು ದಿನ ಇರುವುದರಿಂದ ಈ ಐದನೆಯ ಕಾಗದವನ್ನು ಹರಿಯಕೂಡದೆಂದು ತೀರ್ಮಾನಿಸಿ ಕೂತಿದ್ದೇನೆ.

ಮೊದಲು ನನ್ನ ಕಡೆಯದನ್ನು ಕೇಳು. ಪರಮೇಶಪ್ಪನಿಗೆ ಬುದ್ಧಿ ಮೊದಲೇ ಕಮ್ಮಿ, ಪತ್ರಿಕೆ ಶುರುಮಾಡಿದ ಮೇಲೆ ಇದ್ದದ್ದೂ ಖರ್ಚಾಯಿತು. ಸ್ವಾತಂತ್ರ್ಯ ದಿನಕ್ಕೆ ವಿಶೇಷ ಸಂಚಿಕೆ ತರುತ್ತೇನೆ ಎಂದು ಮಡಿಕೇರಿಯಲ್ಲೆಲ್ಲ ಡಂಗುರ ಹೊಡೆದು, ಕೊನೆಗೆ ತಂದಿದ್ದೇನು? ‘ವಿಚಿತ್ರ ಕಥೆಗಳು’. ಬ್ರಿಟಿಷರು ಹೋಗಿ ಏಳು ವರ್ಷವಾದ ಮೇಲೆ ಜನರ ಕೈಗಿಡಲು ಅವನಿಗೆ ಸಿಕ್ಕಿದ್ದು ದೆವ್ವ, ಮಾಟ, ಚಂದ್ರಲೋಕ. ಅಂಗೈಯಗಲದ ಈ ಕೊಡಗು ರಾಜ್ಯಕ್ಕೆ ಇರುವ ವಿಮರ್ಶಕ ನಾನೊಬ್ಬನೇ ಎಂದು ಅವನ ನಂಬಿಕೆ, ಅದೊಂದನ್ನು ನಾನೂ ಅಲ್ಲಗಳೆಯುವುದಿಲ್ಲ. ಒಂಬತ್ತೂ ಕಥೆಗಳ ಬಗ್ಗೆ ಒಂದೇ ಲೇಖನ ಬರೆದುಕೊಡಿ ಎಂದು ಸಂಚಿಕೆ ಕಳಿಸಿದ.

ನನ್ನ ಪದ್ಧತಿ ನಿನಗೆ ಗೊತ್ತು. ಕೊನೆಯ ಪುಟ ಮೊದಲು ಓದುತ್ತೇನೆ. ಕೊನೆ ಹೇಗಿದೆ ಎಂದು ತಿಳಿದರೆ ಅಲ್ಲಿಗೆ ಹೋಗುವ ದಾರಿಯಲ್ಲಿ ಲೇಖಕ ಎಷ್ಟು ಸುಳ್ಳು ಹೇಳಿದ್ದಾನೆ ಎಂದು ಲೆಕ್ಕ ಹಾಕುವುದು ಸುಲಭ. ಕೈಯಲ್ಲಿ ಕೆಂಪು ಪೆನ್ಸಿಲು ಇರಲೇಬೇಕು.

ಮೊದಲನೆಯ ಕಥೆ ವಿರಾಜಪೇಟೆಯ ಒಬ್ಬ ವಕೀಲರ ಗುಮಾಸ್ತನದು. ಬೆಟ್ಟದ ಮೇಲೊಂದು ಪಾಳು ಬಂಗಲೆ, ಗೋಡೆಯಲ್ಲಿ ಬೆಂಕಿಗೂಡು, ಕರಿ ನಿಲುವಂಗಿ ತೊಟ್ಟ ಜಮೀನ್ದಾರ, ಕಿಟಕಿಯ ಹೊರಗೆ ಹಿಮ. ವಿರಾಜಪೇಟೆಯಲ್ಲಿ ಹಿಮ ಬೀಳಿಸಿದ್ದಾನೆ ಪುಣ್ಯಾತ್ಮ. ಯಾವುದೋ ಇಂಗ್ಲಿಷ್ ಪುಸ್ತಕದ ಮನೆಯನ್ನು ಕಿತ್ತು ತಂದವನಿಗೆ ಅದರ ಮೇಲಿನ ಹಿಮ ಕೊಡವಿ ಬರುವಷ್ಟೂ ಪುರುಸೊತ್ತಿರಲಿಲ್ಲ. ಅವನ ದೆವ್ವ ಹದಿನಾಲ್ಕು ಕಡೆ ಚೀರುತ್ತದೆ, ಗುರುತು ಹಾಕಿ ಎಣಿಸಿದ್ದೇನೆ. ಯಾಕೆ ಚೀರುತ್ತಿದೆ ಎಂದು ಕಥೆಯೊಳಗೆ ಒಬ್ಬರೂ ಕೇಳುವುದಿಲ್ಲ.

ನಾಲ್ಕನೆಯದು ಚಂದ್ರಲೋಕಕ್ಕೆ ಹೋದ ಕಥೆ. ಬರೆದವನು ಮೈಸೂರಿನಲ್ಲಿ ಭೌತಶಾಸ್ತ್ರ ಓದುತ್ತಿದ್ದಾನಂತೆ, ಅವನ ಮೇಷ್ಟ್ರುಗಳನ್ನು ನೆನೆದು ಮರುಕಪಟ್ಟೆ. ಹತ್ತು ಪುಟ ಯಂತ್ರದ ವರ್ಣನೆ. ಅಷ್ಟಾದ ಮೇಲೆ ಚಂದ್ರನಲ್ಲಿ ಇಳಿದರೆ ಅಲ್ಲೊಬ್ಬಳು ರಾಜಕುಮಾರಿ, ಅಚ್ಚ ಕನ್ನಡ, ಕೈಯಲ್ಲಿ ಕಾಫಿ ಲೋಟ. ಮದುವೆಯಾಗಿ ಕರೆದುಕೊಂಡು ಬರುತ್ತಾನೆ. ಎರಡೂವರೆ ಲಕ್ಷ ಮೈಲಿ ಹೋಗಿ ತಂದ ಹೆಣ್ಣು ಪಿರಿಯಾಪಟ್ಟಣದಲ್ಲೇ ಸಿಗುತ್ತಿದ್ದಳು, ಎತ್ತಿನ ಗಾಡಿ ಸಾಕಾಗಿತ್ತು ಎಂದು ಬರೆದೆ. ಯಂತ್ರವನ್ನು ಕಥೆಯಿಂದ ತೆಗೆದುಹಾಕಿ ನೋಡಿ, ಕಥೆಗೆ ಏನೂ ಆಗದಿದ್ದರೆ ಆ ಯಂತ್ರ ಬರೀ ಡಬ್ಬ ಎಂದೂ ಬರೆದೆ. ಆ ಮಾತಿಗೆ ಈಗಲೂ ನಿಲ್ಲುತ್ತೇನೆ.

ಆರನೆಯದರಲ್ಲಿ ಒಂದು ಮಾಯಾರಾಜ್ಯ. ಏಳು ಚಿನ್ನದ ಬೆಟ್ಟ, ಹಾರುವ ಕುದುರೆ, ಮಾತಾಡುವ ಕತ್ತಿ, ಹೊತ್ತು ಹೊತ್ತಿಗೆ ಔತಣ. ಉಳುವವನು ಒಬ್ಬನೂ ಇಲ್ಲ. ಹಾರುವ ಕುದುರೆಯ ಲದ್ದಿಯನ್ನು ಬಾಚುವವನೂ ಇಲ್ಲ. ಮಾಯೆ ಇರಲಿ, ನನ್ನದೇನೂ ತಕರಾರಿಲ್ಲ, ಆದರೆ ಮಾಯೆಯ ಊರಿನಲ್ಲೂ ಬೆಳಿಗ್ಗೆ ಎದ್ದು ಒಲೆ ಹಚ್ಚುವವರು ಯಾರು ಎಂದು ಬರೆಯುವವನಿಗೆ ತಿಳಿದಿರಬೇಕು. ಉಳಿದವುಗಳ ಬಗ್ಗೆ ಇಲ್ಲಿ ಬರೆದು ಅಂಚೆಯವನಿಗೆ ಭಾರ ಮಾಡುವುದಿಲ್ಲ.

ಒಂಬತ್ತನೆಯದು ನಿನ್ನದು. ಆಗ ನನಗದು ಗೊತ್ತಿರಲಿಲ್ಲ. ಅಮ್ಮತ್ತಿ ಕಡೆಯಿಂದ ಟಪಾಲಿನಲ್ಲಿ ಬಂತು ಎಂದು ಪರಮೇಶಪ್ಪ ಹೇಳಿದ್ದ, ಯಾವನೋ ಎಸ್ಟೇಟಿನ ಗುಮಾಸ್ತ ಇರಬೇಕು ಅಂದುಕೊಂಡೆ. ಲೇಖನದಲ್ಲಿ ನಿನ್ನನ್ನು ‘ಈ ಮಹಾಶಯ’ ಎಂದು ಕರೆದದ್ದು ಅದಕ್ಕೇ. ಮಹಾಲಯ ಅಮಾವಾಸ್ಯೆಯ ದಿನ ಹಿರಿಯರಿಗೆ ಎಡೆ ಇಟ್ಟು ಮನೆಯವರು ಬಾಗಿಲು ಮುಚ್ಚಿ ಹೊರಗೆ ಕೂತಿದ್ದಾರೆ. ಸತ್ತ ಹೆಂಡತಿ ಒಳಗೆ ಬರುತ್ತಾಳೆ. ಸಾಲಾಗಿ ಏಳು ಎಲೆ. ಗಂಡನ ಅಪ್ಪನದು, ಅವ್ವನದು, ಅವನು ಮುಖವನ್ನೂ ನೋಡದ ಮುತ್ತಜ್ಜನದು. ತನ್ನದಿಲ್ಲ, ಗಂಡ ಮರೆತಿದ್ದಾನೆ. ಅವಳು ಅಳುವುದಿಲ್ಲ, ಯಾರ ಕುತ್ತಿಗೆಯನ್ನೂ ಹಿಸುಕುವುದಿಲ್ಲ. ಅಡುಗೆಮನೆಗೆ ಹೋಗಿ, ಎಡೆಗೆ ಬೇಯಿಸಿದ ಪಾತ್ರೆಗಳನ್ನೆಲ್ಲ ತೊಳೆದು, ಮಗುಚಿಟ್ಟು, ಹಿತ್ತಿಲ ಬಾಗಿಲಿನಿಂದ ಹೋಗುತ್ತಾಳೆ.

ನಾನೇನು ಬರೆದೆ ಎಂಬುದು ನಿನಗೆ ಬಾಯಿಪಾಠವಾಗಿರುತ್ತದೆ. ಆದರೂ ಇಲ್ಲಿ ನನ್ನ ಕೈಯಿಂದಲೇ ಇನ್ನೊಮ್ಮೆ ಬರೆಯುತ್ತೇನೆ. ‘ಈ ಕಥೆಯ ದೆವ್ವವನ್ನು ನಂಬಬಹುದು, ಗಂಡನನ್ನು ನಂಬಲು ಸಾಧ್ಯವಿಲ್ಲ. ಮುಖ ನೋಡದ ಮುತ್ತಜ್ಜನಿಗೆ ಎಲೆ ಹಾಸಿ, ಇಪ್ಪತ್ತು ವರ್ಷ ತನಗೆ ಬೇಯಿಸಿ ಬಡಿಸಿದವಳಿಗೆ ಹಾಸಲು ಮರೆಯುವ ಗಂಡಸು ಭೂಮಿಯ ಮೇಲಿಲ್ಲ. ಈ ಮಹಾಶಯ ದೆವ್ವಗಳ ನಡುವೆ ಬಹಳ ಕಾಲ ಕಳೆದಿದ್ದಾರೆ, ಇನ್ನಾದರೂ ಕೆಲವು ದಿನ ಮನುಷ್ಯರ ನಡುವೆ ಇದ್ದು ಬರಲಿ.’ ಆ ವಾಕ್ಯ ಬರೆದು ಮುಗಿಸಿದಾಗ ನನಗಾದ ಸಂತೋಷವನ್ನು ಹೇಳಿದರೆ ನಿನಗೆ ಅಸಹ್ಯವಾಗುತ್ತದೆ. ಮಡಿಕೇರಿಯ ಕ್ಲಬ್ಬಿನಲ್ಲಿ ಅದನ್ನು ಗಟ್ಟಿಯಾಗಿ ಓದಿ ನಕ್ಕರಂತೆ. ಇಲ್ಲಿನ ನಂಜಪ್ಪ ಮೇಷ್ಟ್ರು ಸಂತೆಯಲ್ಲಿ ಅಡ್ಡಹಾಕಿ ನನ್ನ ಕೈ ಕುಲುಕಿದರು.

ಅಚ್ಚಾಗಿ ಬಂದ ದಿನ ಮಧ್ಯಾಹ್ನ ಸಿದ್ದತ್ತೆ ಜಗಲಿಯಲ್ಲಿ ಅಕ್ಕಿ ಆರಿಸುತ್ತಿದ್ದಳು. ಅವಳಿಗೆ ಓದು ಬಾರದು, ನನಗೋ ಓದಿ ಹೇಳುವ ಚಟ. ಹಿಮದ ಬಂಗಲೆಗೆ ನಕ್ಕಳು. ಚಂದ್ರನ ಕಾಫಿಗೆ ಸೆರಗು ಬಾಯಿಗಿಟ್ಟುಕೊಂಡು ನಕ್ಕಳು. ಒಂಬತ್ತನೆಯದಕ್ಕೆ ಬಂದಾಗ ಅವಳ ಕೈ ಮೊರದಲ್ಲೇ ನಿಂತಿತು.

“ಅಂಥ ಗಂಡ್ಸು ಇಲ್ಲ ಅಂತ ಬರ್ದಿದ್ದೀಯಲ್ಲ ಅಣ್ಣಯ್ಯ,” ಅಂದಳು, “ನಮ್ಮ ಅತ್ಗೆಗೆ ನೀನು ಯಾವ ವರ್ಸ ಎಡೆ ಇಕ್ಕಿದ್ದೀಯ, ಹೇಳು.”

ಅಕ್ಕಿಯಲ್ಲಿ ಕಲ್ಲು ಉಳಿದೀತು, ಸರಿಯಾಗಿ ನೋಡು ಎಂದು ಹೇಳಿ ನಾನು ಒಳಗೆ ಎದ್ದುಹೋದೆ. ನಾಲ್ಕು ದಿನ ಬಿಟ್ಟು ದೇವರಾಜುವಿನ ಕಾಗದ ಬಂತು.

ಈಗ ನಿನ್ನ ಅವ್ವ ಹುಚ್ಚಮ್ಮನ ಮಾತು. ನೀನು ಚಿಕ್ಕವಳಿದ್ದಾಗ ಅವಳು ಅವರೆಕಾಯಿ ಸುಲಿಯುತ್ತಾ ನಿನಗೆ ದೆವ್ವದ ಕಥೆ ಹೇಳುತ್ತಿದ್ದಳು, ನೆನಪಿರಬೇಕು. ಪಕ್ಕದ ಕೋಣೆಯಲ್ಲಿ ಕೂತು ಉತ್ತರಪತ್ರಿಕೆ ತಿದ್ದುತ್ತಿದ್ದ ನಾನು, ಮಗುವಿನ ತಲೆ ಕೆಡಿಸಬೇಡ ಹುಚ್ಚಮ್ಮ, ನಿನ್ನ ಅಡುಗೆಮನೆ ದೆವ್ವಗಳನ್ನು ಅಡುಗೆಮನೆಯಲ್ಲೇ ಇಟ್ಟುಕೋ ಎಂದು ಕೂಗುತ್ತಿದ್ದೆ. ಅವಳು ಎದುರಾಡುವವಳಲ್ಲ. ಒಮ್ಮೆ ಮಾತ್ರ ಬಾಗಿಲಿಗೆ ಬಂದು ಹೇಳಿದಳು. “ದೆವ್ವಕ್ಕೂ ಏನಾರ ಒಂದು ಕೆಲ್ಸ ಇರ್ತದೆ ಕಣ್ರೀ. ಸುಮ್ಕೆ ಯಾರಾದ್ರೂ ಅಷ್ಟು ದೂರದಿಂದ ಬತ್ತಾರಾ?”

ನಾನು ನಕ್ಕೆ. ನಕ್ಕು, ಆ ಮಾತಿಗೆ ಸ್ವಲ್ಪ ಸಂಸ್ಕೃತ ಸವರಿ, ಮುಂದಿನ ತಿಂಗಳು ಮೈಸೂರಿನ ಒಂದು ಪತ್ರಿಕೆಯಲ್ಲಿ ನನ್ನ ಸಿದ್ಧಾಂತವೆಂದು ಅಚ್ಚುಹಾಕಿಸಿದೆ. ‘ಪ್ರಯೋಜನವಿಲ್ಲದ ಪ್ರೇತ ಕಥೆಯಲ್ಲಿ ನಿಲ್ಲದು.’ ಹದಿನೆಂಟು ವರ್ಷದಿಂದ ಅದೇ ಕೋಲಿನಿಂದ ಎಲ್ಲರನ್ನೂ ಹೊಡೆಯುತ್ತಾ ಬಂದಿದ್ದೇನೆ, ಗುಮಾಸ್ತನ ಚೀರುವ ದೆವ್ವಕ್ಕೂ ಅದರಲ್ಲೇ ಬಾರಿಸಿದ್ದು. ಓದು ಬಾರದ ಹೆಂಗಸಿನ ಮಾತು ಕದ್ದು ಪಂಡಿತನೆನಿಸಿಕೊಂಡವನು ನಾನು. ವಿರಾಜಪೇಟೆಯ ಗುಮಾಸ್ತ ಇಂಗ್ಲಿಷ್ ಪುಸ್ತಕದಿಂದ ಕದ್ದ, ಅವನ ಕಳ್ಳತನ ಕಣ್ಣಿಗೆ ಕಾಣುತ್ತದೆ, ಅಷ್ಟೇ ವ್ಯತ್ಯಾಸ.

ನಮ್ಮ ಹಬ್ಬದ ಕ್ರಮ ನಿನಗೆ ಹೇಳಿಕೊಡಬೇಕಾಗಿಲ್ಲ. ಸತ್ತವರನ್ನು ಮೊದಲ ಸಲ ಹಿರಿಯರ ಸಾಲಿಗೆ ಸೇರಿಸುವಾಗ ಎಲೆಯ ಮುಂದೆ ಹೊಸ ಬಟ್ಟೆ ಇಟ್ಟು ಹೆಸರು ಹಿಡಿದು ಕರೆಯಬೇಕು. ಹೆಂಡತಿಯಾದರೆ ಕರೆಯಬೇಕಾದವನು ಗಂಡ. ಅವನು ಕರೆಯದೆ ಮನೆಯ ಬೇರೆ ಯಾರೂ ಅವಳಿಗೆ ಎಲೆ ಹಾಸುವಂತಿಲ್ಲ. ಅದಕ್ಕೇ ಸಿದ್ದತ್ತೆ ಹನ್ನೊಂದು ವರ್ಷ ಬಾಯಿ ಮುಚ್ಚಿಕೊಂಡು ಬೇಯಿಸಿದ್ದಾಳೆ. ನನಗೆ ಇದರಲ್ಲೆಲ್ಲ ನಂಬಿಕೆ ಇಲ್ಲ, ಭಾಷಣ ಮಾಡಿದ್ದೇನೆ, ಲೇಖನ ಬರೆದಿದ್ದೇನೆ. ಆದರೆ ಅಪ್ಪನಿಗೂ ಮುತ್ತಜ್ಜನಿಗೂ ಎಡೆ ಇಡದಿದ್ದರೆ ಹಾಸನದಿಂದ ಬರುವ ದಾಯಾದಿಗಳು ಆಡಿಕೊಳ್ಳುತ್ತಾರೆಂದು ತೆಪ್ಪಗೆ ಇಟ್ಟಿದ್ದೇನೆ. ಹುಚ್ಚಮ್ಮನ ಪರವಾಗಿ ಆಡಿಕೊಳ್ಳುವವರು ಯಾರೂ ಇರಲಿಲ್ಲ. ಅವಳು ತೀರಿಕೊಂಡ ಮುಂದಿನ ವರ್ಷ, ಹದಿನಾಲ್ಕರ ಹುಡುಗಿ ನೀನು, ಹಬ್ಬದ ದಿನ ಒಂದು ಬಾಳೆಲೆ ಕೊಯ್ದು ತಂದು ನನ್ನ ಮುಂದೆ ನಿಂತೆ. ಈ ವರ್ಷ ಬೇಡ, ಮುಂದಿನ ವರ್ಷ ನೋಡೋಣ ಎಂದೆ. ನೀನು ಎಲೆಯನ್ನು ಹಸುವಿಗೆ ಹಾಕಿದೆ, ಆಮೇಲೆ ಯಾವತ್ತೂ ಕೇಳಲಿಲ್ಲ. ಕೇಳದೆ ಇದ್ದವಳು ಬರೆದಿದ್ದೀಯ ಎಂದು ಈಗ ಅರ್ಥವಾಗುತ್ತಿದೆ.

ನಾನು ಕ್ಷಮೆ ಕೇಳುತ್ತೇನೆಂದು ಕಾಯಬೇಡ, ನನಗೆ ಅದರ ಅಭ್ಯಾಸವಿಲ್ಲ. ನಿನ್ನ ಕಥೆಯನ್ನು ಹೊಗಳುವುದೂ ಇಲ್ಲ. ಮೊದಲ ಪುಟದಲ್ಲಿ ಗಾಳಿಯನ್ನು ಮೂರು ಸಲ ಬೀಸಿಸಿದ್ದೀಯ, ಒಂದು ಸಾಕು. ‘ಕಡುಗತ್ತಲು’ ಎಂಬ ಮಾತನ್ನು ಹೊಡೆದುಹಾಕು, ಹಬ್ಬ ನಡೆಯುವುದು ಹಗಲಿನಲ್ಲಿ. ಆದರೆ ಅವಳು ಪಾತ್ರೆ ತೊಳೆದು ಮಗುಚಿಡುವ ವಾಕ್ಯದ ಕೆಳಗೆ ನನ್ನ ಪೆನ್ಸಿಲು ಗೆರೆ ಎಳೆದಿತ್ತು. ತಪ್ಪು ಹಿಡಿಯಲು ಎಳೆದದ್ದಲ್ಲ. ಇಂಥದ್ದೊಂದು ವಾಕ್ಯ ನಾನು ನಲವತ್ತು ವರ್ಷದಲ್ಲಿ ಬರೆದಿಲ್ಲ ಎಂದು ಹೊಟ್ಟೆ ಉರಿದು ಎಳೆದೆ. ಲೇಖನದಲ್ಲಿ ಅದರ ಸುದ್ದಿ ಎತ್ತಲಿಲ್ಲ. ಬೈಯಬೇಕೆಂದು ಕೊನೆಯ ಪುಟ ಓದಿದಾಗಲೇ ನಿಶ್ಚಯವಾಗಿತ್ತು, ನಡುವೆ ಸಿಕ್ಕಿದ ಒಳ್ಳೆಯದನ್ನು ಜೇಬಿಗೆ ಹಾಕಿಕೊಂಡು ಸುಮ್ಮನಾದೆ. ವಿಮರ್ಶಕರೆಂದು ಓಡಾಡುವವರಲ್ಲಿ ಬಹುಪಾಲು ಮಂದಿ ಮಾಡುವುದು ಇದನ್ನೇ. ಅವರ ಮೇಲೆ ನನಗೆ ಎಂದೂ ಗೌರವ ಇರಲಿಲ್ಲ, ಈಗ ನನ್ನನ್ನೂ ಆ ಗುಂಪಿಗೆ ಸೇರಿಸಿದ್ದೇನೆ.

ನಿನ್ನೆ ಪರಮೇಶಪ್ಪನಿಗೆ ಒಂದು ತಿದ್ದುಪಡಿ ಕಳಿಸಿದೆ, ಮುಂದಿನ ವಾರ ಅಚ್ಚಾಗುತ್ತದೆ. ‘ಒಂಬತ್ತನೆಯ ಕಥೆಯ ಗಂಡನಂಥ ಗಂಡಸು ಭೂಮಿಯ ಮೇಲಿಲ್ಲ ಎಂದು ಬರೆದಿದ್ದೆ. ಅದು ತಪ್ಪು. ಇದ್ದಾನೆ. ನನಗೆ ಚೆನ್ನಾಗಿ ಗೊತ್ತಿರುವವನು. ಲೇಖಕಿಗೆ ಮನುಷ್ಯರ ಪರಿಚಯ ನನಗಿಂತ ಹೆಚ್ಚಾಗಿದೆ.’ ಇಷ್ಟೇ. ಕ್ಲಬ್ಬಿನವರು ಇದನ್ನೂ ಗಟ್ಟಿಯಾಗಿ ಓದಿಕೊಳ್ಳಲಿ. ಹಿಂದೆಯೇ ಇನ್ನೊಂದು ಕಾರ್ಡು ಹಾಕಿ, ಹಾರಂಗಿಯ ಪುಸ್ತಕದ ಕೆಲಸ ನಿಲ್ಲಿಸಬೇಡ, ಅವಳ ಒಪ್ಪಿಗೆ ಬರುವವರೆಗೆ ಕಾಯಿ ಎಂದಿದ್ದೇನೆ. ಒಪ್ಪಿಗೆ ಕೊಡುವುದು ಬಿಡುವುದು ನಿನ್ನ ಇಷ್ಟ. ಆದರೆ ಒಲೆಗೆ ಹಾಕಬೇಡ ಮಗಳೇ. ಅವು ನೀನು ಬರೆದ ಕಥೆಗಳು ಮಾತ್ರವಲ್ಲ. ನಿನ್ನ ಅವ್ವ ಹೇಳಿದ್ದರಲ್ಲಿ ನನ್ನ ಕೂಗಾಟ ದಾಟಿ ಉಳಿದುಕೊಂಡಿರುವುದು ಅಷ್ಟೇ.

ಇಪ್ಪತ್ತಾರಕ್ಕೆ ಭಾನುವಾರ ಹಬ್ಬ. ಸಿದ್ದತ್ತೆ ಒಂದು ಸೀರೆ ತರಿಸಿದ್ದಾಳೆ, ಹಸಿರು, ಕೆಂಪಂಚು. ಬಣ್ಣ ಆರಿಸಲು ನನ್ನನ್ನು ಕೇಳಲಿಲ್ಲ, ಕೇಳಿದ್ದರೂ ನಿನ್ನ ಅವ್ವನಿಗೆ ಯಾವ ಬಣ್ಣ ಇಷ್ಟವಿತ್ತೆಂದು ನನಗೆ ಗೊತ್ತಿರಲಿಲ್ಲ. ನೀನೂ ದೇವರಾಜುವೂ ಶನಿವಾರವೇ ಬಂದುಬಿಡಿ. ಅವನಿಗೆ ರಜೆ ಸಿಗದಿದ್ದರೆ ನೀನೊಬ್ಬಳೇ ಬಾ. ನೋಟುಬುಕ್ಕುಗಳನ್ನೂ ತಾ, ನಾನು ಮುಟ್ಟುವುದಿಲ್ಲ. ನೀನೇ ಓದಿ ಹೇಳಿದರೆ ಕೇಳುತ್ತೇನೆ.

ನೀವಿಬ್ಬರೂ ನೂರು ಕಾಲ ಚೆನ್ನಾಗಿ ಬಾಳಿ. ನಿನ್ನ ಕೈಯಿಂದ ಬರೆಯುವುದು ತಪ್ಪದಿರಲಿ, ನನ್ನಂಥವರ ಬಾಯಿಗೆ ಹೆದರುವ ಕಾಲ ನಿನಗೆ ಬಾರದಿರಲಿ.

ನಿನ್ನ ಅಪ್ಪ,
ಸಿದ್ದರಾಜು

ಮರೆತ ಮಾತು: ಮೇಲಿನದೆಲ್ಲ ಬರೆದು ಲಕೋಟೆಗೆ ಹಾಕಿದ ಮೇಲೆ ಮತ್ತೆ ತೆಗೆದಿದ್ದೇನೆ. ಕಥೆಯಲ್ಲಿ ಇನ್ನೂ ಎರಡು ತಪ್ಪುಗಳಿವೆ. ಅವನ್ನು ಹೇಳಬಲ್ಲವನು ನಾನೊಬ್ಬನೇ.

ಮಡಿಕೇರಿಯ ಆಸ್ಪತ್ರೆಯಲ್ಲಿ, ನಿನ್ನ ಅವ್ವ ಹೋಗುವುದಕ್ಕೆ ಮೂರು ದಿನ ಮೊದಲು, ಮಧ್ಯಾಹ್ನ. ನಿನ್ನನ್ನು ಅತ್ತೆ ಊಟಕ್ಕೆ ಕರೆದುಕೊಂಡು ಹೋಗಿದ್ದಳು. ನಾನು ಮಂಚದ ಪಕ್ಕ ಕೂತು ಉತ್ತರಪತ್ರಿಕೆ ತಿದ್ದುತ್ತಿದ್ದೆ. “ಹಿರೀಕರ ಹಬ್ಬಕ್ಕೆ ನನ್ಗೂ ಒಂದೆಲೆ ಹಾಕಿ. ಹೆಸ್ರು ಹಿಡ್ದು ಕೂಗಿ, ಕೂಗ್ದಿದ್ರೆ ನಾನಾಗಿ ಬರಾಕಿಲ್ಲ,” ಅಂದಳು. ಸತ್ತವರು ಬರುವುದಿಲ್ಲ, ನಾನು ಇದನ್ನೆಲ್ಲ ನಂಬುವುದಿಲ್ಲ ಎಂದು ನಿನಗೆ ಗೊತ್ತಿಲ್ಲವೇ ಎಂದು ಕಾಗದದಿಂದ ತಲೆ ಎತ್ತದೆ ಹೇಳಿದೆ. “ನೀವು ನಂಬ್ಬೇಡಿ,” ಅಂದಳು, “ಇಕ್ಕಿ, ಸಾಕು.”

ನಿನ್ನ ಕಥೆಯಲ್ಲಿ ಅವಳು ಕರೆಯದಿದ್ದರೂ ಬರುತ್ತಾಳೆ. ನಿನ್ನ ಅವ್ವ ಹಾಗೆ ಬರುವವಳಲ್ಲ. ಹನ್ನೊಂದು ವರ್ಷದಲ್ಲಿ ಒಂದು ಸಲವೂ ಬಂದಿರಲಾರಳು.

ಇನ್ನೊಂದು, ಗಂಡ ಮರೆತ ಎಂದು ಬರೆದಿದ್ದೀಯ. ಮಗಳಾಗಿ ನನ್ನ ಮೇಲೆ ಕರುಣೆ ತೋರಿಸಿದ್ದೀಯ, ಅದನ್ನು ಹೊಡೆದುಹಾಕು. ನಾನು ಮರೆತಿರಲಿಲ್ಲ. ಪ್ರತಿ ವರ್ಷ ಏಳನೆಯ ಎಲೆ ಹಾಸಿ ಮುಗಿಸಿದಾಗ ಅವಳು ಕೇಳಿದ್ದು ನೆನಪಾಗುತ್ತಿತ್ತು. ಎಂಟನೆಯದನ್ನು ಹಾಸಿದರೆ ಆಸ್ಪತ್ರೆಯಲ್ಲಿ ಆಡಿದ ಮಾತಿನಲ್ಲಿ ನಾನು ಸೋತಂತೆ ಆಗುತ್ತದೆ ಎಂದುಕೊಂಡು, ನೆನಪಿಟ್ಟುಕೊಂಡೇ ಬಾಗಿಲು ಮುಚ್ಚಿ ಹೊರಗೆ ಬಂದು ಕೂರುತ್ತಿದ್ದೆ.